ಆರಂಭಿಕ ಕೈಗಾರಿಕಾ ಚಲನಚಿತ್ರಗಳಲ್ಲಿ ಕಾರು ತಯಾರಿಕೆ

ಕೈಗಾರಿಕಾ ಚಲನಚಿತ್ರವೆಂದರೆ ಒಂದು ಉದ್ದಿಮೆಯ ಕಾರ್ಯವಿಧಾನವನ್ನು ತೋರಿಸುವ ಉದ್ದೇಶದಿಂದ, ಬಹುಮಟ್ಟಿಗೆ ಆ ಉದ್ದಿಮೆಯದೇ ಹಣದಿಂದ, ತಯಾರಾದ ಚಿತ್ರ. ಇಪ್ಪತ್ತನೆಯ ಶತಮಾನದ ಮೊದಲ ನಾಲ್ಕು ದಶಕಗಳಲ್ಲಿ ಇಂತಹ ಚಿತ್ರಗಳು ಬಹುಸಂಖ್ಯೆಯಲ್ಲಿ ನಿರ್ಮಾಣವಾದವು. ಅವುಗಳಲ್ಲಿ ಕಾರು ತಯಾರಿಕೆಯನ್ನು ಕುರಿತವು ವಿಶೇಷ ಸ್ಥಾನ ಪಡೆದಿವೆ. ಅಮೆರಿಕದ ಮಿಷಿಗನ್ ರಾಜ್ಯದ ಡೆಟ್ರಾಯಿಟ್ ಮತ್ತು ಫ್ಲಿಂಟ್ ನಗರಗಳು ಈ ಚಿತ್ರಗಳ ಮುಖ್ಯ ನೆಲೆ. ಫೋರ್ಡ್ ಕಂಪನಿಯ ಮೂಕಿ ಚಿತ್ರಗಳು, 1934ರ 'ರ‍್ಯಾಪ್ಸಡಿ ಇನ್ ಸ್ಟೀಲ್' ಮತ್ತು ಷೆವರ್ಲೆ ಕಂಪನಿಗಾಗಿ ತಯಾರಾದ 1936ರ 'ಮಾಸ್ಟರ್ ಹ್ಯಾಂಡ್ಸ್' ಈ ಪ್ರಕಾರದ ಪ್ರಮುಖ ಉದಾಹರಣೆಗಳು. ಇವು ಜಾಹೀರಾತುಗಳಾಗಿ ಹುಟ್ಟಿದರೂ ಬೆಳಕು, ಸಂಕಲನ ಮತ್ತು ಸಂಗೀತಗಳ ಬಳಕೆಯಿಂದ ಕಲಾಕೃತಿಗಳ ಗುಣವನ್ನು ಪಡೆದವು. ದುಡಿಮೆಯನ್ನು ಯಾರು, ಯಾರಿಗಾಗಿ, ಹೇಗೆ ತೋರಿಸುತ್ತಾರೆ ಎಂಬ ಪ್ರಶ್ನೆಯನ್ನು ಎತ್ತುವುದರಿಂದ ಇವು ಇತಿಹಾಸ, ಸಮಾಜಶಾಸ್ತ್ರ ಮತ್ತು ಚಲನಚಿತ್ರ ಅಧ್ಯಯನಗಳಿಗೆ ಇಂದಿಗೂ ಮುಖ್ಯವಾದ ಆಕರಗಳಾಗಿವೆ.

ಹಿನ್ನೆಲೆ

ಚಲನಚಿತ್ರಕ್ಕೂ ಕಾರ್ಖಾನೆಗೂ ನಂಟು ಬೆಳೆದದ್ದು ಚಲನಚಿತ್ರದ ಹುಟ್ಟಿನೊಡನೆಯೇ. ಫ್ರಾನ್ಸಿನ ಲ್ಯೂಮಿಯೇರ್ ಸಹೋದರರು 1895ರಲ್ಲಿ ಸಾರ್ವಜನಿಕರಿಗೆ ತೋರಿಸಿದ ಮೊದಲ ಚಿತ್ರಗಳಲ್ಲಿ ಲಿಯಾನ್ ನಗರದ ತಮ್ಮದೇ ಕಾರ್ಖಾನೆಯಿಂದ ಕೆಲಸಗಾರರು ಹೊರಬರುವ ದೃಶ್ಯವೂ ಒಂದು. ಆ ಚಿತ್ರದ ಅವಧಿ ಒಂದು ನಿಮಿಷಕ್ಕಿಂತ ಕಡಿಮೆ. ಕ್ಯಾಮೆರಾ ಬಾಗಿಲಿನ ಹೊರಗೇ ನಿಂತಿರುತ್ತದೆ. ಒಳಗೆ ನಡೆಯುವ ಕೆಲಸ ನೋಡುಗನಿಗೆ ಕಾಣುವುದಿಲ್ಲ.

ಕಾರ್ಖಾನೆಯ ಒಳಾಂಗಣವನ್ನು ವಿಸ್ತಾರವಾಗಿ ಚಿತ್ರೀಕರಿಸಿದ ಮೊದಲ ಪ್ರಯತ್ನಗಳಲ್ಲಿ ಅಮೆರಿಕದ ವೆಸ್ಟಿಂಗ್‌ಹೌಸ್ ಕಂಪನಿಗಾಗಿ 1904ರಲ್ಲಿ ತೆಗೆದ ಕಿರುಚಿತ್ರಗಳ ಮಾಲೆ ಪ್ರಸಿದ್ಧವಾದುದು. ಛಾಯಾಗ್ರಾಹಕ ಬಿಲ್ಲಿ ಬಿಟ್ಜರ್ ಅವರು ಕಾರ್ಖಾನೆಯ ಮೇಲ್ಛಾವಣಿಯ ಸಮೀಪ ಚಲಿಸುವ ಕ್ರೇನಿನ ಮೇಲೆ ಕ್ಯಾಮೆರಾ ಇರಿಸಿ, ಕೆಳಗಿನ ಯಂತ್ರಗಳ ಮೇಲೆ ತೇಲಿಹೋಗುವಂತಹ ದೀರ್ಘ ದೃಶ್ಯವನ್ನು ಸೆರೆಹಿಡಿದರು. 1906ರಲ್ಲಿ ಬ್ರಿಟನ್ನಿನ ಪೀಕ್ ಫ್ರೀನ್ ಬಿಸ್ಕತ್ತು ಕಾರ್ಖಾನೆಯನ್ನು ಕುರಿತ ಚಿತ್ರವು ಕಚ್ಚಾ ವಸ್ತುವಿನಿಂದ ಸಿದ್ಧವಸ್ತುವಿನವರೆಗಿನ ಕ್ರಮವನ್ನು ಒಂದು ಕಥೆಯಂತೆ ಜೋಡಿಸಿ ತೋರಿಸಿತು. 'ಇದು ಹೇಗೆ ತಯಾರಾಗುತ್ತದೆ' ಎಂಬ ಪ್ರಶ್ನೆಗೆ ಉತ್ತರವಾಗಿ ಮುಂದುವರಿಯುವ ಈ ನಿರೂಪಣಾ ಕ್ರಮವೇ ಮುಂದೆ ಕಾರು ತಯಾರಿಕೆಯ ಚಿತ್ರಗಳ ಚೌಕಟ್ಟಾಯಿತು.

ಕಾರು ತಯಾರಿಕೆ ಈ ಚೌಕಟ್ಟಿಗೆ ಬಹಳ ಚೆನ್ನಾಗಿ ಹೊಂದಿಕೊಂಡಿತು. ಅದಕ್ಕೆ ಕಾರಣ ಚಲಿಸುವ ಜೋಡಣಾ ಸಾಲು. ಫೋರ್ಡ್ ಕಂಪನಿಯು ಹೈಲ್ಯಾಂಡ್ ಪಾರ್ಕ್ ಕಾರ್ಖಾನೆಯಲ್ಲಿ 1913ರಲ್ಲಿ ಈ ವಿಧಾನವನ್ನು ಕಾರಿನ ಜೋಡಣೆಗೆ ಅಳವಡಿಸಿತು. ಅದುವರೆಗೆ ಕೆಲಸಗಾರನು ವಸ್ತುವಿನ ಬಳಿಗೆ ಹೋಗುತ್ತಿದ್ದನು. ಈಗ ವಸ್ತುವೇ ಕೆಲಸಗಾರನ ಬಳಿಗೆ ಬರತೊಡಗಿತು. ಮಾಡೆಲ್ ಟಿ ಕಾರಿನ ಚಾಸಿ ಜೋಡಣೆಗೆ ಹಿಡಿಯುತ್ತಿದ್ದ ಸುಮಾರು ಹನ್ನೆರಡೂವರೆ ಗಂಟೆಯ ಅವಧಿ 1914ರ ವೇಳೆಗೆ ಸುಮಾರು ಒಂದೂವರೆ ಗಂಟೆಗೆ ಇಳಿಯಿತು. ಒಂದೊಂದೇ ಚೌಕಟ್ಟಾಗಿ ಮುಂದೆ ಸರಿಯುವ ಫಿಲ್ಮಿನ ಸುರುಳಿಗೂ, ಒಂದೊಂದೇ ಹಂತವಾಗಿ ಮುಂದೆ ಸರಿಯುವ ಕಾರಿನ ಸಾಲಿಗೂ ಇರುವ ಹೋಲಿಕೆಯನ್ನು ಅನೇಕ ವಿಮರ್ಶಕರು ಗುರುತಿಸಿದ್ದಾರೆ.

ತಾಂತ್ರಿಕ ಮಿತಿಗಳು

ಆ ಕಾಲದ ಫಿಲ್ಮಿಗೆ ಬೆಳಕಿನ ಸಂವೇದನೆ ಕಡಿಮೆಯಿತ್ತು. ಹೊಗೆ, ಧೂಳು ಮತ್ತು ನೆರಳು ತುಂಬಿದ ಕಾರ್ಖಾನೆಯೊಳಗೆ ಚಿತ್ರೀಕರಿಸಲು ಬಲವಾದ ದೀಪಗಳು ಬೇಕಾಗುತ್ತಿದ್ದವು. 1904ರ ವೆಸ್ಟಿಂಗ್‌ಹೌಸ್ ಚಿತ್ರಗಳು ಸಾಧ್ಯವಾದದ್ದು ಆಗ ಹೊಸದಾಗಿ ಬಂದಿದ್ದ ಪಾದರಸದ ಆವಿಯ ದೀಪಗಳಿಂದ. 1920ರ ದಶಕದಲ್ಲಿ ಎಲ್ಲ ಬಣ್ಣಗಳಿಗೂ ಸ್ಪಂದಿಸುವ ಪ್ಯಾನ್‌ಕ್ರೋಮ್ಯಾಟಿಕ್ ಫಿಲ್ಮ್ ಬಳಕೆಗೆ ಬಂದಿತು. ಅದರಿಂದಾಗಿ ಕಾದ ಲೋಹದ ಕೆಂಪು ಹೊಳಪೂ ಮನುಷ್ಯರ ಮೈಬಣ್ಣವೂ ಕಪ್ಪು-ಬಿಳುಪಿನಲ್ಲಿಯೇ ಸಹಜವಾಗಿ ಮೂಡತೊಡಗಿದವು.

ಪ್ರದರ್ಶನದ ಸಮಸ್ಯೆಯೂ ಇತ್ತು. ಹಳೆಯ ನೈಟ್ರೇಟ್ ಫಿಲ್ಮ್ ಸುಲಭವಾಗಿ ಬೆಂಕಿ ಹತ್ತಿಕೊಳ್ಳುತ್ತಿದ್ದುದರಿಂದ ಅದನ್ನು ಶಾಲೆಗಳಲ್ಲಿ ತೋರಿಸುವುದು ಅಪಾಯಕರವಾಗಿತ್ತು. 1923ರಲ್ಲಿ ಕೊಡಕ್ ಕಂಪನಿಯು ಸುರಕ್ಷಿತ ಫಿಲ್ಮಿನ ಮೇಲೆ 16 ಮಿ.ಮೀ. ಅಳತೆಯನ್ನು ಪರಿಚಯಿಸಿದ ಬಳಿಕ ಕೈಗಾರಿಕಾ ಚಿತ್ರಗಳು ಚಿತ್ರಮಂದಿರದಿಂದಾಚೆಗೆ ಶಾಲೆ, ಸಂಘ-ಸಂಸ್ಥೆ ಮತ್ತು ಮಾರಾಟ ಮಳಿಗೆಗಳಿಗೂ ತಲುಪಿದವು. 1920ರ ದಶಕದ ಕೊನೆಗೆ ಧ್ವನಿ ಬಂದಾಗ ಯಂತ್ರದ ಸದ್ದನ್ನೂ ವಾದ್ಯಸಂಗೀತವನ್ನೂ ದೃಶ್ಯದೊಡನೆ ಬೆಸೆಯುವ ಅವಕಾಶ ದೊರೆಯಿತು.

ಫೋರ್ಡ್ ಕಂಪನಿಯ ಚಲನಚಿತ್ರ ವಿಭಾಗ

ಹೆನ್ರಿ ಫೋರ್ಡ್ 1914ರಲ್ಲಿ ತಮ್ಮ ಕಂಪನಿಯೊಳಗೇ ಚಲನಚಿತ್ರ ವಿಭಾಗವೊಂದನ್ನು ಸ್ಥಾಪಿಸಿದರು. ಒಂದು ಉದ್ದಿಮೆ ತನ್ನದೇ ಆದ ಪೂರ್ಣಪ್ರಮಾಣದ ಚಿತ್ರ ಘಟಕವನ್ನು ಹೊಂದಿದ ಮೊದಲ ನಿದರ್ಶನಗಳಲ್ಲಿ ಇದು ಒಂದು. 'ಫೋರ್ಡ್ ಆನಿಮೇಟೆಡ್ ವೀಕ್ಲಿ' ಎಂಬ ವಾರ್ತಾಚಿತ್ರ ಮಾಲೆಯೂ ಅನಂತರ 'ಫೋರ್ಡ್ ಎಜುಕೇಷನಲ್ ವೀಕ್ಲಿ' ಎಂಬ ಶೈಕ್ಷಣಿಕ ಮಾಲೆಯೂ ಈ ವಿಭಾಗದಿಂದ ಹೊರಬಂದವು. ಕೃಷಿ, ಪ್ರವಾಸ, ಕರಕುಶಲತೆ ಮುಂತಾದ ವಿಷಯಗಳ ನಡುವೆ ಕಾರ್ಖಾನೆಯ ಚಿತ್ರಣವೂ ಇವುಗಳಲ್ಲಿ ಸೇರಿತ್ತು.

ಈ ಚಿತ್ರಗಳು ಸರಳವಾದವು. ಕ್ಯಾಮೆರಾ ಸ್ಥಿರವಾಗಿ ನಿಂತು ಒಂದು ಕ್ರಿಯೆಯನ್ನು ಮೊದಲಿನಿಂದ ಕೊನೆಯವರೆಗೆ ನೋಡುತ್ತದೆ. ನಡುವೆ ಬರುವ ಬರಹದ ಫಲಕಗಳು ವಿವರಣೆ ನೀಡುತ್ತವೆ. ಕಾರುಗಳು ಒಂದರ ಹಿಂದೊಂದು ಕಾರ್ಖಾನೆಯಿಂದ ಹೊರಬರುವ ದೃಶ್ಯ, ಪಾಳಿ ಬದಲಾಗುವಾಗ ಸಾವಿರಾರು ಕೆಲಸಗಾರರು ರಸ್ತೆಯನ್ನು ತುಂಬುವ ದೃಶ್ಯ ಇವುಗಳಲ್ಲಿ ಪ್ರಧಾನ. ಇಲ್ಲಿ ಸೌಂದರ್ಯವು ಸಂಖ್ಯೆಯಿಂದ ಹುಟ್ಟುತ್ತದೆ. ಒಂದು ಚಕ್ರ ಸುಂದರವಲ್ಲ. ತೂಗುಸರಪಳಿಯಲ್ಲಿ ಇಳಿದು ಬರುವ ನೂರು ಚಕ್ರಗಳು ನೋಡುಗನನ್ನು ಬೆರಗುಗೊಳಿಸುತ್ತವೆ. 1908ರಿಂದ 1927ರವರೆಗೆ ಒಂದೂವರೆ ಕೋಟಿಗೂ ಹೆಚ್ಚು ಮಾಡೆಲ್ ಟಿ ಕಾರುಗಳು ತಯಾರಾದವು ಎಂಬುದನ್ನು ನೆನೆದರೆ ಈ ಎಣಿಕೆಯ ಮೋಹ ಅರ್ಥವಾಗುತ್ತದೆ.

ಇದೇ ಕಾಲದಲ್ಲಿ ಕಾರ್ಖಾನೆಯ ಒಳಗಿನ ಬದುಕು ಅಷ್ಟು ನಯವಾಗಿರಲಿಲ್ಲ. ಒಂದೇ ಚಲನೆಯನ್ನು ದಿನವಿಡೀ ಪುನರಾವರ್ತಿಸುವ ಕೆಲಸವನ್ನು ಬಹಳ ಮಂದಿ ಸಹಿಸದೆ ಬಿಟ್ಟುಹೋಗುತ್ತಿದ್ದರು. 1913ರಲ್ಲಿ ಫೋರ್ಡ್ ಕಾರ್ಖಾನೆಯಲ್ಲಿ ಕೆಲಸ ಬಿಡುವವರ ವಾರ್ಷಿಕ ಪ್ರಮಾಣ ಶೇಕಡಾ 370ರಷ್ಟಿತ್ತು. ಎಂದರೆ ಒಂದು ಸ್ಥಾನವನ್ನು ತುಂಬಿಡಲು ವರ್ಷಕ್ಕೆ ಮೂರಕ್ಕಿಂತ ಹೆಚ್ಚು ಬಾರಿ ಹೊಸಬರನ್ನು ನೇಮಿಸಬೇಕಾಗುತ್ತಿತ್ತು. 1914ರ ಜನವರಿಯಲ್ಲಿ ಘೋಷಣೆಯಾದ ದಿನಕ್ಕೆ 5 ಡಾಲರ್ ಸಂಬಳಕ್ಕೆ ಇದೂ ಒಂದು ಕಾರಣ. ಚಲನಚಿತ್ರ ವಿಭಾಗವು ಆರಂಭವಾದದ್ದೂ ಅದೇ ವರ್ಷ ಎಂಬುದು ಗಮನಾರ್ಹ.

ಅಳತೆಯ ಸಾಧನವಾಗಿ ಕ್ಯಾಮೆರಾ

ಕಾರ್ಖಾನೆಯೊಳಗೆ ಕ್ಯಾಮೆರಾ ಪ್ರವೇಶಿಸಿದ್ದು ಪ್ರಚಾರಕ್ಕಾಗಿ ಮಾತ್ರವಲ್ಲ. ಫ್ರೆಡರಿಕ್ ಟೇಲರ್ ಅವರು 1911ರಲ್ಲಿ ಪ್ರಕಟಿಸಿದ ವೈಜ್ಞಾನಿಕ ನಿರ್ವಹಣೆಯ ತತ್ವಗಳು ಪ್ರತಿಯೊಂದು ಕೆಲಸವನ್ನೂ ಚಿಕ್ಕ ಚಿಕ್ಕ ಚಲನೆಗಳಾಗಿ ಒಡೆದು, ಗಡಿಯಾರ ಹಿಡಿದು ಅಳೆಯಬೇಕೆಂದು ಸೂಚಿಸಿದ್ದವು. ಫ್ರ್ಯಾಂಕ್ ಮತ್ತು ಲಿಲಿಯನ್ ಗಿಲ್‌ಬ್ರೆತ್ ದಂಪತಿಗಳು 1912ರಿಂದ ಈ ಅಳತೆಗೆ ಚಲನಚಿತ್ರವನ್ನು ಬಳಸಿದರು. ಕೆಲಸಗಾರನ ಪಕ್ಕದಲ್ಲಿ ಸೂಕ್ಷ್ಮ ಗಡಿಯಾರವನ್ನಿಟ್ಟು ಚಿತ್ರೀಕರಿಸುವುದು, ಬೆರಳಿಗೆ ಪುಟ್ಟ ದೀಪ ಕಟ್ಟಿ ಕೈಯ ಹಾದಿಯನ್ನು ಬೆಳಕಿನ ಗೆರೆಯಾಗಿ ದಾಖಲಿಸುವುದು ಅವರ ವಿಧಾನಗಳಾಗಿದ್ದವು. ಆ ಬೆಳಕಿನ ಗೆರೆಗಳ ಚಿತ್ರಗಳು ನೋಡಲು ರಂಗೋಲಿಯ ಎಳೆಗಳಂತೆ ಸುಂದರವಾಗಿವೆ. ಆದರೆ ಅವುಗಳ ಗುರಿ ವ್ಯರ್ಥ ಚಲನೆಯನ್ನು ತೆಗೆದುಹಾಕುವುದು. ಕೈಯನ್ನು ಕೊಂಡಾಡುವ ಚಿತ್ರ ಮತ್ತು ಕೈಯನ್ನು ಅಳೆಯುವ ಚಿತ್ರ ಇವೆರಡೂ ಒಂದೇ ಉಪಕರಣದಿಂದ, ಹೆಚ್ಚುಕಡಿಮೆ ಒಂದೇ ಕಾಲದಲ್ಲಿ ಹುಟ್ಟಿದವು.

ಛಾಯಾಚಿತ್ರ ಮತ್ತು ಚಿತ್ರಕಲೆಯ ಪ್ರಭಾವ

1920ರ ದಶಕದ ಕೊನೆಯ ಹೊತ್ತಿಗೆ ಕಾರು ಕಾರ್ಖಾನೆಯು ಕಲಾವಿದರ ಗಮನವನ್ನೂ ಸೆಳೆಯಿತು. ಚಿತ್ರಕಾರ ಹಾಗೂ ಛಾಯಾಗ್ರಾಹಕ ಚಾರ್ಲ್ಸ್ ಷೀಲರ್ ಅವರು 1927ರಲ್ಲಿ ಫೋರ್ಡ್ ಕಂಪನಿಯ ರಿವರ್ ರೂಜ್ ಕಾರ್ಖಾನೆಯ ಛಾಯಾಚಿತ್ರಗಳನ್ನು ತೆಗೆದರು. ಮಾಡೆಲ್ ಎ ಕಾರಿನ ಬಿಡುಗಡೆಯ ಪ್ರಚಾರಕ್ಕಾಗಿ ಅವರನ್ನು ನಿಯೋಜಿಸಲಾಗಿತ್ತು. ಇವರೇ ಪಾಲ್ ಸ್ಟ್ರಾಂಡ್ ಅವರೊಡಗೂಡಿ 1921ರಲ್ಲಿ 'ಮ್ಯಾನ್‌ಹ್ಯಾಟಾ' ಎಂಬ ನಗರ ಚಿತ್ರವನ್ನು ನಿರ್ಮಿಸಿದ್ದವರು. 'ಕ್ರಿಸ್-ಕ್ರಾಸ್ಡ್ ಕನ್ವೇಯರ್ಸ್' ಎಂಬ ಅವರ ಛಾಯಾಚಿತ್ರದಲ್ಲಿ ಅಡ್ಡಡ್ಡ ಹಾದುಹೋಗುವ ಸಾಗಣೆ ಸೇತುವೆಗಳೂ ಅವುಗಳ ಹಿಂದೆ ಮುಗಿಲಿಗೆ ಏರಿದ ಎಂಟು ಹೊಗೆಕೊಳವೆಗಳೂ ಇವೆ. 1930ರ 'ಅಮೆರಿಕನ್ ಲ್ಯಾಂಡ್‌ಸ್ಕೇಪ್' ಎಂಬ ವರ್ಣಚಿತ್ರದಲ್ಲಿ ಅದೇ ಕಾರ್ಖಾನೆಯ ವಿಶಾಲ ನೋಟವಿದ್ದು, ರೈಲು ಹಳಿಯ ಬಳಿ ಒಂದು ಪುಟ್ಟ ಮಾನವಾಕೃತಿ ಮಾತ್ರ ಕಾಣುತ್ತದೆ. ಷೀಲರ್ ಅವರ ಕಾರ್ಖಾನೆ ಶುಭ್ರ, ನಿಶ್ಶಬ್ದ ಮತ್ತು ಬಹುಪಾಲು ನಿರ್ಜನ.

ಇದಕ್ಕೆ ತೀರ ವಿರುದ್ಧವಾದ ದೃಷ್ಟಿ ಮೆಕ್ಸಿಕೋದ ಕಲಾವಿದ ಡಿಯೆಗೊ ರಿವೆರಾ ಅವರದು. ಡೆಟ್ರಾಯಿಟ್ ಕಲಾ ಸಂಸ್ಥೆಯ ಗೋಡೆಗಳ ಮೇಲೆ 1932–33ರಲ್ಲಿ ಅವರು ರಚಿಸಿದ 27 ಭಿತ್ತಿಚಿತ್ರಗಳ ಸಮುಚ್ಚಯಕ್ಕೆ ಹಣ ಒದಗಿಸಿದವರು ಹೆನ್ರಿ ಫೋರ್ಡ್ ಅವರ ಮಗ ಎಡ್ಸೆಲ್ ಫೋರ್ಡ್. ಉತ್ತರದ ಗೋಡೆಯಲ್ಲಿ ವಿ-8 ಎಂಜಿನ್ನಿನ ತಯಾರಿಕೆ, ದಕ್ಷಿಣದ ಗೋಡೆಯಲ್ಲಿ ಕಾರಿನ ಒಡಲು ಮತ್ತು ಅಂತಿಮ ಜೋಡಣೆ ಇವೆ. ಎರಡೂ ಗೋಡೆಗಳಲ್ಲಿ ಬೆನ್ನು ಬಾಗಿಸಿ, ಎಳೆದು, ತಳ್ಳಿ ದುಡಿಯುವ ಬೇರೆ ಬೇರೆ ಜನಾಂಗಗಳ ಕೆಲಸಗಾರರು ಕಿಕ್ಕಿರಿದಿದ್ದಾರೆ. ಸಿದ್ಧಗೊಂಡ ಕಾರು ಮಾತ್ರ ದೂರದಲ್ಲಿ, ಹುಡುಕಿದರಷ್ಟೇ ಕಾಣುವಷ್ಟು ಚಿಕ್ಕದಾಗಿದೆ. ಕಾರಿಗಿಂತ ಅದನ್ನು ಮಾಡುವ ಶ್ರಮವೇ ದೊಡ್ಡದು ಎಂಬ ನಿಲುವನ್ನು ಇಲ್ಲಿ ಗಾತ್ರವೇ ಹೇಳುತ್ತದೆ. 1930ರ ದಶಕದ ಕೈಗಾರಿಕಾ ಚಿತ್ರಗಳು ಯಂತ್ರದ ಜ್ಯಾಮಿತಿ ಮತ್ತು ದುಡಿಯುವ ದೇಹ ಎಂಬ ಈ ಎರಡು ದೃಷ್ಟಿಗಳ ನಡುವೆ ತೂಗಾಡುವುದನ್ನು ಕಾಣಬಹುದು.

ರ‍್ಯಾಪ್ಸಡಿ ಇನ್ ಸ್ಟೀಲ್ (1934)

1929ರ ಆರ್ಥಿಕ ಕುಸಿತದ ಬಳಿಕ ಕಾರುಗಳ ಮಾರಾಟ ಇಳಿಮುಖವಾಯಿತು. ಜನರ ನಂಬಿಕೆಯನ್ನು ಮರಳಿ ಗಳಿಸುವುದು ಕಂಪನಿಗಳಿಗೆ ಅಗತ್ಯವಾಗಿತ್ತು. ಷಿಕಾಗೋ ನಗರದಲ್ಲಿ 1933–34ರಲ್ಲಿ ನಡೆದ 'ಪ್ರಗತಿಯ ಶತಮಾನ' ಎಂಬ ವಿಶ್ವಮೇಳದಲ್ಲಿ ಜನರಲ್ ಮೋಟರ್ಸ್ ಕಂಪನಿಯು ಷೆವರ್ಲೆ ಕಾರುಗಳ ಜೋಡಣಾ ಸಾಲನ್ನೇ ಪ್ರೇಕ್ಷಕರೆದುರು ನಡೆಸಿ ತೋರಿಸಿತು. ದುಡಿಮೆಯೇ ಅಲ್ಲಿ ಪ್ರದರ್ಶನವಾಯಿತು. 1934ರಲ್ಲಿ ಮೇಳಕ್ಕೆ ಬಂದ ಫೋರ್ಡ್ ಕಂಪನಿಯು 'ರ‍್ಯಾಪ್ಸಡಿ ಇನ್ ಸ್ಟೀಲ್' ಎಂಬ ಚಿತ್ರವನ್ನು ತೋರಿಸಿತು.

ಆಡಿಯೋ ಪ್ರೊಡಕ್ಷನ್ಸ್ ಸಂಸ್ಥೆಯು ತಯಾರಿಸಿದ ಈ ಚಿತ್ರಕ್ಕೆ ಎಡ್ವಿನ್ ಲುಡಿಗ್ ಸಂಗೀತ ಸಂಯೋಜಿಸಿದರು. ಮಾತಿಗಿಂತ ಸಂಗೀತವನ್ನೇ ನೆಚ್ಚಿದ ಚಿತ್ರವಿದು. ಯಂತ್ರಗಳ ಲಯಕ್ಕೆ ವಾದ್ಯವೃಂದದ ಲಯವನ್ನು ಹೊಂದಿಸಲಾಗಿದೆ. ಚಿತ್ರದ ಕೊನೆಯ ಭಾಗದಲ್ಲಿ ವಿ-8 ಲಾಂಛನವೇ ಪುಟ್ಟ ಕುಳ್ಳನಾಗಿ ಜೀವ ತಳೆದು, ಬಿಡಿಭಾಗಗಳನ್ನು ಕುಣಿಸುತ್ತ, ಮನುಷ್ಯರ ಸಹಾಯವಿಲ್ಲದೆ ಕಾರನ್ನು ಜೋಡಿಸುತ್ತಾನೆ. ಒಂದೊಂದು ಚೌಕಟ್ಟಿಗೂ ವಸ್ತುಗಳನ್ನು ಸ್ವಲ್ಪ ಸ್ವಲ್ಪ ಸರಿಸಿ ಚಿತ್ರೀಕರಿಸುವ ತಂತ್ರದಿಂದ ಈ ಭಾಗ ಮೂಡಿದೆ. ಮಕ್ಕಳಿಗೂ ಇಷ್ಟವಾಗುವ ಈ ಲಘು ದೃಶ್ಯದಲ್ಲಿ ಕೆಲಸಗಾರನೇ ಇಲ್ಲದ ಕಾರ್ಖಾನೆಯ ಕಲ್ಪನೆ ಅಡಗಿದೆ ಎಂಬುದನ್ನು ಈಗ ನೋಡುವವರು ಗಮನಿಸದೆ ಇರಲಾರರು.

ಮಾಸ್ಟರ್ ಹ್ಯಾಂಡ್ಸ್ (1936)

ನಿರ್ಮಾಣ

ಷೆವರ್ಲೆಯು ಜನರಲ್ ಮೋಟರ್ಸ್ ಕಂಪನಿಯ ಒಂದು ವಿಭಾಗ. ಅದಕ್ಕಾಗಿ 'ಮಾಸ್ಟರ್ ಹ್ಯಾಂಡ್ಸ್' ಚಿತ್ರವನ್ನು ನಿರ್ಮಿಸಿದ್ದು ಡೆಟ್ರಾಯಿಟ್‌ನ ಜ್ಯಾಮ್ ಹ್ಯಾಂಡಿ ಸಂಸ್ಥೆ. ಇದರ ಸ್ಥಾಪಕ ಹೆನ್ರಿ ಜೇಮಿಸನ್ ಹ್ಯಾಂಡಿ (1886–1983) ಈಜುಗಾರರಾಗಿ 1904ರ ಸೇಂಟ್ ಲೂಯಿ ಒಲಿಂಪಿಕ್ಸ್‌ನಲ್ಲಿಯೂ, ವಾಟರ್ ಪೋಲೋ ಆಟಗಾರರಾಗಿ 1924ರ ಪ್ಯಾರಿಸ್ ಒಲಿಂಪಿಕ್ಸ್‌ನಲ್ಲಿಯೂ ಕಂಚಿನ ಪದಕ ಪಡೆದಿದ್ದವರು. ಅವರ ಸಂಸ್ಥೆಯು ಕಂಪನಿಗಳಿಗೆ ಮಾರಾಟ ತರಬೇತಿ, ಜಾಹೀರಾತು ಮತ್ತು ಶೈಕ್ಷಣಿಕ ಚಿತ್ರಗಳನ್ನು ಒದಗಿಸುತ್ತಿತ್ತು. ಕಾರು ತಿರುವಿನಲ್ಲಿ ಹೋಗುವಾಗ ಎರಡು ಚಕ್ರಗಳು ಬೇರೆ ಬೇರೆ ವೇಗದಲ್ಲಿ ಉರುಳುವಂತೆ ಮಾಡುವ ಗೇರ್ ವ್ಯವಸ್ಥೆಯನ್ನು ವಿವರಿಸುವ 'ಅರೌಂಡ್ ದಿ ಕಾರ್ನರ್' (1937) ಇದೇ ಸಂಸ್ಥೆಯ ಚಿತ್ರ. ಅದರ ಸರಳ ವಿವರಣೆಯನ್ನು ಇಂದಿಗೂ ಎಂಜಿನಿಯರಿಂಗ್ ವಿದ್ಯಾರ್ಥಿಗಳು ನೋಡುತ್ತಾರೆ.

'ಮಾಸ್ಟರ್ ಹ್ಯಾಂಡ್ಸ್' ಚಿತ್ರದ ಛಾಯಾಗ್ರಾಹಕ ಗಾರ್ಡನ್ ಏವಿಲ್. ಅವರು ಇದಕ್ಕೂ ಮುನ್ನ ನಿರ್ದೇಶಕ ಕಿಂಗ್ ವಿಡರ್ ಅವರ 'ಹಲ್ಲೆಲೂಯಾ' (1929) ಮತ್ತು 'ಬಿಲ್ಲಿ ದಿ ಕಿಡ್' (1930) ಎಂಬ ಹಾಲಿವುಡ್ ಚಿತ್ರಗಳಿಗೆ ಕೆಲಸ ಮಾಡಿದ್ದರು. ಸಂಗೀತ ಸ್ಯಾಮ್ಯುಯೆಲ್ ಬೆನಾವಿ ಅವರದು. ಚಿತ್ರದ ಅವಧಿ ಅರ್ಧ ಗಂಟೆಗಿಂತ ತುಸು ಹೆಚ್ಚು. ಚಿತ್ರೀಕರಣ ನಡೆದದ್ದು ಫ್ಲಿಂಟ್ ನಗರದ ಷೆವರ್ಲೆ ಕಾರ್ಖಾನೆಗಳಲ್ಲಿ.

ವಸ್ತು

ಹೆಸರು ಸೂಚಿಸುವಂತೆ ಚಿತ್ರದ ನಾಯಕ 'ನುರಿತ ಕೈ'. ಆರಂಭದ ಬರಹವು ಕೆಲಸಗಾರರ ಕೌಶಲಕ್ಕೆ ಗೌರವ ಸಲ್ಲಿಸುತ್ತದೆ. ಬಳಿಕ ಮಾತು ಬಹುಮಟ್ಟಿಗೆ ನಿಂತುಹೋಗಿ ದೃಶ್ಯ ಮತ್ತು ಸಂಗೀತಗಳೇ ಚಿತ್ರವನ್ನು ಮುಂದಕ್ಕೆ ಒಯ್ಯುತ್ತವೆ. ಮೊದಲಿಗೆ ಉಪಕರಣ ಮತ್ತು ಅಚ್ಚುಗಳನ್ನು ತಯಾರಿಸುವ ನುರಿತ ಕುಶಲಕರ್ಮಿಗಳು ಬರುತ್ತಾರೆ. ಕಾರನ್ನು ಮಾಡುವ ಯಂತ್ರಗಳಿಗೆ ಬೇಕಾದ ಅಚ್ಚನ್ನು ಮಾಡುವವರು ಇವರು. ಕೂದಲೆಳೆಯ ವ್ಯತ್ಯಾಸವನ್ನೂ ಬಿಡದೆ ಅಳೆದು ಉಜ್ಜುತ್ತಾರೆ. ಅನಂತರ ಎರಕಶಾಲೆಯ ದೃಶ್ಯಗಳು. ಕರಗಿದ ಕಬ್ಬಿಣ ಸೌಟಿನಿಂದ ಮರಳಿನ ಅಚ್ಚಿಗೆ ಸುರಿಯುತ್ತದೆ, ಕಿಡಿಗಳು ಹಾರುತ್ತವೆ, ಕತ್ತಲಲ್ಲಿ ಮನುಷ್ಯರು ನೆರಳುಗಳಂತೆ ಚಲಿಸುತ್ತಾರೆ. ಮುಂದೆ ಕೆಂಪಗೆ ಕಾದ ಉಕ್ಕನ್ನು ಬಡಿದು ರೂಪಿಸುವುದು, ಎಂಜಿನ್ನಿನ ಭಾಗಗಳನ್ನು ಕೊರೆಯುವುದು, ಚಾಸಿಯ ತೊಲೆಗಳನ್ನು ಜೋಡಿಸುವುದು, ಒಡಲಿನ ತಗಡುಗಳನ್ನು ಬೆಸೆಯುವುದು ಹೀಗೆ ಕ್ರಮವಾಗಿ ಸಾಗುತ್ತದೆ. ಕೊನೆಗೆ ಎಲ್ಲ ಭಾಗಗಳೂ ಒಂದೇ ಸಾಲಿಗೆ ಬಂದು ಸೇರುತ್ತವೆ. ಕಾರು ತನ್ನ ಚಕ್ರಗಳ ಮೇಲೆ ತಾನೇ ನಿಂತು ಸಾಲಿನಿಂದ ಹೊರಡುತ್ತದೆ.

ಶೈಲಿ

ಈ ಚಿತ್ರದ ಬೆಳಕಿನ ವಿನ್ಯಾಸ ನಾಟಕೀಯವಾದುದು. ಒಂದು ಬದಿಯಿಂದ ಬೀಳುವ ಬೆಳಕು ಮುಖದ ಅರ್ಧವನ್ನು ಕತ್ತಲಲ್ಲಿ ಬಿಟ್ಟು ಕೈಗಳನ್ನು ಎತ್ತಿ ತೋರಿಸುತ್ತದೆ. ಕ್ಯಾಮೆರಾ ಅನೇಕ ಕಡೆ ಕೆಳಗಿನಿಂದ ಮೇಲಕ್ಕೆ ನೋಡುವುದರಿಂದ ಕೆಲಸಗಾರ ಶಿಲ್ಪದಂತೆ ಭವ್ಯವಾಗಿ ಕಾಣುತ್ತಾನೆ. ಸಮೀಪದ ದೃಶ್ಯಗಳಲ್ಲಿ ಕೈ ಮತ್ತು ಯಂತ್ರಗಳ ನಡುವಿನ ಗಡಿ ಮಸುಕಾಗುತ್ತದೆ. ಬೆನಾವಿ ಅವರ ಸಂಗೀತವು ವಾಗ್ನರ್ ಪರಂಪರೆಯ ಗಂಭೀರ ವಾದ್ಯವೃಂದ ಶೈಲಿಯಲ್ಲಿದ್ದು, ಎರಕದ ದೃಶ್ಯಗಳಿಗೆ ಪುರಾಣದ ಕಮ್ಮಾರಸಾಲೆಯ ಛಾಯೆ ನೀಡುತ್ತದೆ.

ಇದೇ ಕಾಲದಲ್ಲಿ ಸೋವಿಯತ್ ಒಕ್ಕೂಟ ಮತ್ತು ಜರ್ಮನಿಯಲ್ಲಿಯೂ ಯಂತ್ರ ಮತ್ತು ದುಡಿಮೆಯನ್ನು ವೈಭವೀಕರಿಸುವ ಚಿತ್ರಗಳು ಬರುತ್ತಿದ್ದವು. ಸಮಾಜವಾದಿ ವಾಸ್ತವವಾದವು ಕಾರ್ಮಿಕನನ್ನು ರಾಷ್ಟ್ರನಿರ್ಮಾಪಕನಾಗಿ ಚಿತ್ರಿಸಿದರೆ, ಅದೇ ಭಂಗಿ, ಅದೇ ಬೆಳಕು ಮತ್ತು ಅದೇ ಕೋನಗಳನ್ನು ಬಳಸಿ ಈ ಚಿತ್ರವು ಖಾಸಗಿ ಬಂಡವಾಳದ ಹಿರಿಮೆಯನ್ನು ಸಾರುತ್ತದೆ. ರಾಜಕೀಯವಾಗಿ ಪರಸ್ಪರ ವಿರುದ್ಧವಾದ ವ್ಯವಸ್ಥೆಗಳು ದುಡಿಯುವ ದೇಹವನ್ನು ಚಿತ್ರಿಸುವಾಗ ಒಂದೇ ಭಾಷೆಯನ್ನು ಆಡಿದವು ಎಂಬುದಕ್ಕೆ ಇದನ್ನು ಉದಾಹರಣೆಯಾಗಿ ಕೊಡುತ್ತಾರೆ.

ಫ್ಲಿಂಟ್ ಮುಷ್ಕರ

'ಮಾಸ್ಟರ್ ಹ್ಯಾಂಡ್ಸ್' ಚಿತ್ರಕ್ಕೆ ಇಂದು ದೊರೆತಿರುವ ಮಹತ್ವಕ್ಕೆ ಅದರ ಕಾಲವೂ ಒಂದು ಕಾರಣ. ಚಿತ್ರ ತಯಾರಾದ ವರ್ಷದ ಕೊನೆಯಲ್ಲಿ, 1936ರ ಡಿಸೆಂಬರ್ 30ರಂದು, ಅದೇ ಫ್ಲಿಂಟ್ ನಗರದ ಜನರಲ್ ಮೋಟರ್ಸ್ ಕಾರ್ಖಾನೆಗಳಲ್ಲಿ ಕೆಲಸಗಾರರು ಯಂತ್ರಗಳನ್ನು ನಿಲ್ಲಿಸಿ, ಹೊರಗೆ ಹೋಗದೆ ಒಳಗೇ ಕುಳಿತು ಮುಷ್ಕರ ಹೂಡಿದರು. ಮುಷ್ಕರ ಮೊದಲಾದದ್ದು ಕಾರಿನ ಒಡಲು ತಯಾರಿಸುವ ಫಿಷರ್ ಬಾಡಿ ಕಾರ್ಖಾನೆಗಳಲ್ಲಿ. 1937ರ ಜನವರಿ 11ರಂದು ಪೊಲೀಸರಿಗೂ ಮುಷ್ಕರ ನಿರತರಿಗೂ ಘರ್ಷಣೆ ನಡೆಯಿತು. ರಾಜ್ಯಪಾಲ ಫ್ರ್ಯಾಂಕ್ ಮರ್ಫಿ ನ್ಯಾಷನಲ್ ಗಾರ್ಡ್ ಪಡೆಯನ್ನು ಕರೆಸಿದರಾದರೂ ಮುಷ್ಕರವನ್ನು ಒಡೆಯಲು ಅದನ್ನು ಬಳಸಲಿಲ್ಲ. ಫೆಬ್ರವರಿ 1ರಂದು ಕೆಲಸಗಾರರು ಷೆವರ್ಲೆಯ 4ನೆಯ ಸಂಖ್ಯೆಯ ಎಂಜಿನ್ ಕಾರ್ಖಾನೆಯನ್ನು ವಶಪಡಿಸಿಕೊಂಡರು. 44 ದಿನಗಳ ಬಳಿಕ, ಫೆಬ್ರವರಿ 11ರಂದು, ಯುನೈಟೆಡ್ ಆಟೋ ವರ್ಕರ್ಸ್ ಸಂಘವನ್ನು ಅದರ ಸದಸ್ಯರ ಪ್ರತಿನಿಧಿಯಾಗಿ ಕಂಪನಿಯು ಒಪ್ಪಿಕೊಂಡಿತು.

ಕೆಲಸಗಾರರ ಮುಖ್ಯ ದೂರುಗಳಲ್ಲಿ ಜೋಡಣಾ ಸಾಲಿನ ವೇಗ ಒಂದಾಗಿತ್ತು. ಸಾಲಿನ ವೇಗವನ್ನು ಹೆಚ್ಚಿಸಿದರೆ ಕೈಗಳೂ ಅಷ್ಟೇ ವೇಗವಾಗಿ ಆಡಬೇಕು; ವೇಗವನ್ನು ನಿರ್ಧರಿಸುವ ಅಧಿಕಾರ ಕೈಗಳಿಗೆ ಇರಲಿಲ್ಲ. ಕಾರ್ಮಿಕ ಸಂಘಕ್ಕೆ ಸೇರುವವರ ಮೇಲೆ ಗೂಢಚಾರಿಕೆಯೂ ನಡೆಯುತ್ತಿತ್ತು. 1934ರ ಆರಂಭದಿಂದ 1936ರ ಮಧ್ಯದವರೆಗೆ ಜನರಲ್ ಮೋಟರ್ಸ್ ಕಂಪನಿಯು ಖಾಸಗಿ ಪತ್ತೇದಾರಿ ಸಂಸ್ಥೆಗಳಿಗೆ ಸುಮಾರು 10 ಲಕ್ಷ ಡಾಲರ್ ನೀಡಿತ್ತೆಂದು ಅಮೆರಿಕದ ಸೆನೆಟ್ಟಿನ ಲಾಫಾಲೆಟ್ ಸಮಿತಿಯ ವಿಚಾರಣೆಯಿಂದ ತಿಳಿದುಬಂದಿತು.

ಈ ಹಿನ್ನೆಲೆಯಲ್ಲಿ ನೋಡಿದಾಗ ಚಿತ್ರದ ಮೌನಕ್ಕೆ ಬೇರೊಂದು ಅರ್ಥ ಬರುತ್ತದೆ. ಅಲ್ಲಿ ಕೈಗಳಿವೆ, ಹೆಸರುಗಳಿಲ್ಲ. ಮುಖಗಳಿವೆ, ಮಾತಿಲ್ಲ. ಕಿಡಿ ಮತ್ತು ಹೊಗೆ ಇವೆ, ಸುಟ್ಟಗಾಯ ಮತ್ತು ಕೆಮ್ಮು ಇಲ್ಲ. ಆಯಾಸ, ವಿರಾಮ, ಊಟದ ಬುತ್ತಿ, ಮೇಲ್ವಿಚಾರಕನ ಗದರಿಕೆ ಯಾವುದೂ ಕಾಣುವುದಿಲ್ಲ. ಚಿತ್ರವು ಕೆಲಸಗಾರನನ್ನು ಗೌರವಿಸುತ್ತದೆ ಎಂಬುದೂ ನಿಜ. ಅವನಿಗೆ ಮಾತನಾಡಲು ಅವಕಾಶ ಕೊಡುವುದಿಲ್ಲ ಎಂಬುದೂ ನಿಜ. ಅದೇ ಕೈಗಳು ಕೆಲವೇ ತಿಂಗಳಲ್ಲಿ ಯಂತ್ರವನ್ನು ನಿಲ್ಲಿಸಿದವು.

ಮುಷ್ಕರದ ಬಳಿಕ ಅದೇ ನಿರ್ಮಾಣ ಸಂಸ್ಥೆಯು ಷೆವರ್ಲೆಗಾಗಿ 'ಫ್ರಂ ಡಾನ್ ಟು ಸನ್‌ಸೆಟ್' (1937) ಎಂಬ ಚಿತ್ರವನ್ನು ತಯಾರಿಸಿತು. ಇದರಲ್ಲಿ ಗಮನವು ಕಾರ್ಖಾನೆಯಿಂದ ಮನೆಯ ಕಡೆಗೆ ಸರಿದಿದೆ. ಬೇರೆ ಬೇರೆ ನಗರಗಳ ಕೆಲಸಗಾರರು ಬೆಳಿಗ್ಗೆ ಏಳುತ್ತಾರೆ, ದುಡಿಯುತ್ತಾರೆ, ಸಂಬಳ ಪಡೆಯುತ್ತಾರೆ, ಅಂಗಡಿಗಳಲ್ಲಿ ಖರೀದಿ ಮಾಡುತ್ತಾರೆ. ಹಿಂದಿನ ಚಿತ್ರದಲ್ಲಿ ಶಿಲ್ಪದಂತೆ ನಿಂತಿದ್ದ ಕೆಲಸಗಾರ ಇಲ್ಲಿ ಸಂಸಾರವಂದಿಗನೂ ಗ್ರಾಹಕನೂ ಆಗಿದ್ದಾನೆ.

ಕಥಾಚಿತ್ರಗಳಲ್ಲಿ ಪ್ರತಿಬಿಂಬ

ಇದೇ ಅವಧಿಯ ಕಥಾಚಿತ್ರಗಳು ಜೋಡಣಾ ಸಾಲನ್ನು ವಿಡಂಬನೆಯ ವಸ್ತುವಾಗಿಸಿದವು. ಫ್ರಾನ್ಸಿನ ರೆನೆ ಕ್ಲೇರ್ ಅವರ 'ಆ ನೂ ಲಾ ಲಿಬೆರ್ತೆ' (1931) ಎಂಬ ಚಿತ್ರದಲ್ಲಿ ಗ್ರಾಮಫೋನ್ ಕಾರ್ಖಾನೆಯ ಸಾಲು ಸೆರೆಮನೆಯ ಸಾಲನ್ನು ಹೋಲುತ್ತದೆ. ಚಾರ್ಲಿ ಚಾಪ್ಲಿನ್ ಅವರ 'ಮಾಡರ್ನ್ ಟೈಮ್ಸ್' 1936ರ ಫೆಬ್ರವರಿಯಲ್ಲಿ, ಎಂದರೆ 'ಮಾಸ್ಟರ್ ಹ್ಯಾಂಡ್ಸ್' ಬಂದ ವರ್ಷವೇ, ಬಿಡುಗಡೆಯಾಯಿತು. ಚಾಪ್ಲಿನ್ 1923ರಲ್ಲಿ ಡೆಟ್ರಾಯಿಟ್‌ಗೆ ಹೋಗಿ ಫೋರ್ಡ್ ಕಾರ್ಖಾನೆಯನ್ನು ನೋಡಿಬಂದಿದ್ದರು. ಡೆಟ್ರಾಯಿಟ್‌ನ ಕಾರ್ಖಾನೆಗಳಲ್ಲಿ ಯುವಕರು ಕೆಲವು ವರ್ಷಗಳಲ್ಲೇ ನರದೌರ್ಬಲ್ಯಕ್ಕೆ ಈಡಾಗುವುದನ್ನು ಪತ್ರಕರ್ತನೊಬ್ಬನಿಂದ ಕೇಳಿದ್ದು ಚಿತ್ರಕ್ಕೆ ಪ್ರೇರಣೆಯಾಯಿತೆಂದು ಅವರು ಆತ್ಮಕಥೆಯಲ್ಲಿ ಹೇಳಿಕೊಂಡಿದ್ದಾರೆ.

'ಮಾಡರ್ನ್ ಟೈಮ್ಸ್' ಚಿತ್ರದ ಕೈಗಳಿಗೂ 'ಮಾಸ್ಟರ್ ಹ್ಯಾಂಡ್ಸ್' ಚಿತ್ರದ ಕೈಗಳಿಗೂ ಇರುವ ಅಂತರ ಬೋಧಪ್ರದವಾಗಿದೆ. ಚಾಪ್ಲಿನ್ ಅವರ ಕೈಗಳು ನಟ್ಟುಗಳನ್ನು ತಿರುಗಿಸಿ ತಿರುಗಿಸಿ, ಸಾಲಿನಿಂದ ದೂರ ಬಂದಮೇಲೂ ನಿಲ್ಲಲಾರದೆ ತಿರುಗುತ್ತಲೇ ಇರುತ್ತವೆ. ಒಂದರಲ್ಲಿ ಕೈ ಯಂತ್ರದ ಯಜಮಾನ. ಇನ್ನೊಂದರಲ್ಲಿ ಯಂತ್ರದ ಆಳು. ಚಾಪ್ಲಿನ್ ಚಿತ್ರದ ಕಾರ್ಖಾನೆಯಲ್ಲಿ ತಯಾರಾಗುವ ವಸ್ತು ಯಾವುದೆಂದು ಪ್ರೇಕ್ಷಕನಿಗೆ ತಿಳಿಯುವುದೇ ಇಲ್ಲ. ಬಹುಶಃ ಕೆಲಸಗಾರನಿಗೂ ತಿಳಿದಿರಲಾರದು.

ಕಾರ್ಮಿಕರ ಪಕ್ಷದ ಚಿತ್ರಗಳು

ಕಂಪನಿಗಳ ಚಿತ್ರಗಳಿಗೆ ಎದುರಾಗಿ ಕಾರ್ಮಿಕರ ಪರವಾದ ಚಿತ್ರಗಳೂ ಬಂದವು. 1932ರ ಮಾರ್ಚ್ 7ರಂದು ನಿರುದ್ಯೋಗಿಗಳ ಮೆರವಣಿಗೆಯೊಂದು ಡೆಟ್ರಾಯಿಟ್‌ನಿಂದ ರಿವರ್ ರೂಜ್ ಕಾರ್ಖಾನೆಯತ್ತ ಸಾಗಿದಾಗ ಪೊಲೀಸರು ಮತ್ತು ಕಂಪನಿಯ ಕಾವಲುಗಾರರು ಗುಂಡು ಹಾರಿಸಿದರು. ನಾಲ್ವರು ಸತ್ತರು; ಗಾಯಗೊಂಡಿದ್ದ ಐದನೆಯವರು ಅನಂತರ ತೀರಿಕೊಂಡರು. ವರ್ಕರ್ಸ್ ಫಿಲ್ಮ್ ಅಂಡ್ ಫೋಟೋ ಲೀಗ್ ಎಂಬ ಸಂಘಟನೆಯ ಸದಸ್ಯರು ಈ ಮೆರವಣಿಗೆಯನ್ನು ಚಿತ್ರೀಕರಿಸಿದರು. ಕಂಪನಿಯ ಕ್ಯಾಮೆರಾ ಕಾರ್ಖಾನೆಯ ಒಳಗಿದ್ದರೆ ಇವರ ಕ್ಯಾಮೆರಾ ಬಾಗಿಲಿನ ಹೊರಗಿತ್ತು. ಒಳಗೆ ಹೋಗಲು ಇವರಿಗೆ ಅನುಮತಿ ಇರಲಿಲ್ಲ. ಆದ್ದರಿಂದ ದುಡಿಮೆಯ ದಾಖಲೆ ಮಾಲೀಕರ ಬಳಿಯೂ ಪ್ರತಿಭಟನೆಯ ದಾಖಲೆ ಕೆಲಸಗಾರರ ಬಳಿಯೂ ಉಳಿಯುವಂತಾಯಿತು.

ಉತ್ತರಾಧಿಕಾರ

ಫ್ಲಿಂಟ್ ಮುಷ್ಕರದಲ್ಲಿ ಮಹಿಳೆಯರು ವಹಿಸಿದ ಪಾತ್ರವನ್ನು 'ವಿತ್ ಬೇಬೀಸ್ ಅಂಡ್ ಬ್ಯಾನರ್ಸ್' ಎಂಬ ಸಾಕ್ಷ್ಯಚಿತ್ರವು 1970ರ ದಶಕದ ಕೊನೆಯಲ್ಲಿ, ಭಾಗವಹಿಸಿದ್ದ ಮಹಿಳೆಯರ ಮಾತಿನಲ್ಲಿಯೇ ದಾಖಲಿಸಿತು. ಡೆಟ್ರಾಯಿಟ್‌ನ ಕಪ್ಪು ಜನಾಂಗದ ಕಾರು ಕೆಲಸಗಾರರ ಹೋರಾಟವನ್ನು 'ಫೈನಲಿ ಗಾಟ್ ದಿ ನ್ಯೂಸ್' (1970) ಚಿತ್ರಿಸಿತು. ಫ್ರಾನ್ಸಿನ ಲೂಯಿ ಮಾಲ್ ಅವರು 'ಯುಮೆನ್, ತ್ರೋ ಯುಮೆನ್' ಎಂಬ ಚಿತ್ರದಲ್ಲಿ ರೆನ್ ನಗರದ ಸಿಟ್ರೊಯೆನ್ ಕಾರ್ಖಾನೆಯ ಕೆಲಸಗಾರರನ್ನು ಹೆಚ್ಚಿನ ವಿವರಣೆಯಿಲ್ಲದೆ ದೀರ್ಘಕಾಲ ನೋಡುತ್ತಾರೆ. ಭಾರತವನ್ನು ಕುರಿತ 'ಫ್ಯಾಂಟಮ್ ಇಂಡಿಯಾ' ಮಾಲೆಯನ್ನು ನಿರ್ಮಿಸಿದವರೂ ಇವರೇ. 'ಮಾಸ್ಟರ್ ಹ್ಯಾಂಡ್ಸ್' ಚಿತ್ರದಂತೆ ಇಲ್ಲಿಯೂ ಮಾತು ಕಡಿಮೆ. ಆದರೆ ವೀರಸಂಗೀತದ ಬದಲು ಕಾರ್ಖಾನೆಯ ನಿಜವಾದ ಸದ್ದು ಇರುವುದರಿಂದ ಅದೇ ಕೆಲಸ ದಣಿವಿನ ಕೆಲಸವಾಗಿ ಕಾಣುತ್ತದೆ. ಜರ್ಮನಿಯ ಹಾರುನ್ ಫಾರೋಕಿ ಅವರು 1995ರಲ್ಲಿ, ಲ್ಯೂಮಿಯೇರ್ ಚಿತ್ರಕ್ಕೆ ನೂರು ವರ್ಷ ತುಂಬಿದಾಗ, ಕಾರ್ಖಾನೆಯಿಂದ ಹೊರಬರುವ ಕೆಲಸಗಾರರ ದೃಶ್ಯಗಳನ್ನು ಬೇರೆ ಬೇರೆ ಚಿತ್ರಗಳಿಂದ ಸಂಗ್ರಹಿಸಿ ಒಂದು ಪ್ರಬಂಧ ಚಿತ್ರವನ್ನು ರಚಿಸಿದರು.

ಸಂರಕ್ಷಣೆ

ಕೈಗಾರಿಕಾ ಚಿತ್ರಗಳನ್ನು ಬಹುಕಾಲ ಯಾರೂ ಕಾಪಾಡುವ ಯೋಗ್ಯತೆಯುಳ್ಳವೆಂದು ಭಾವಿಸಿರಲಿಲ್ಲ. ಬಳಕೆ ಮುಗಿದ ಮೇಲೆ ಅನೇಕ ಪ್ರತಿಗಳು ನಾಶವಾದವು. ಫೋರ್ಡ್ ಕಂಪನಿಯು ತನ್ನ ಸಂಗ್ರಹದ ಸುಮಾರು 15 ಲಕ್ಷ ಅಡಿ ಫಿಲ್ಮನ್ನು 1963ರಲ್ಲಿ ಅಮೆರಿಕದ ರಾಷ್ಟ್ರೀಯ ಪತ್ರಾಗಾರಕ್ಕೆ ಕೊಡುಗೆಯಾಗಿ ನೀಡಿತು. ರಿಕ್ ಪ್ರೆಲಿಂಗರ್ ಅವರು 1980ರ ದಶಕದಿಂದ ಜಾಹೀರಾತು, ಶೈಕ್ಷಣಿಕ ಮತ್ತು ಕೈಗಾರಿಕಾ ಚಿತ್ರಗಳನ್ನು ಸಂಗ್ರಹಿಸಿದರು. ಅವರ ಸಂಗ್ರಹವನ್ನು ಅಮೆರಿಕದ ಲೈಬ್ರರಿ ಆಫ್ ಕಾಂಗ್ರೆಸ್ 2002ರಲ್ಲಿ ಪಡೆದುಕೊಂಡಿತು. 'ಮಾಸ್ಟರ್ ಹ್ಯಾಂಡ್ಸ್' ಸೇರಿದಂತೆ ಅದರ ಅನೇಕ ಚಿತ್ರಗಳನ್ನು ಇಂಟರ್ನೆಟ್ ಆರ್ಕೈವ್ ತಾಣದಲ್ಲಿ ಉಚಿತವಾಗಿ ನೋಡಬಹುದು. 1999ರಲ್ಲಿ 'ಮಾಸ್ಟರ್ ಹ್ಯಾಂಡ್ಸ್' ಅಮೆರಿಕದ ರಾಷ್ಟ್ರೀಯ ಚಲನಚಿತ್ರ ದಾಖಲೆಗೆ ಸೇರ್ಪಡೆಯಾಯಿತು. ಸಾಂಸ್ಕೃತಿಕವಾಗಿ, ಐತಿಹಾಸಿಕವಾಗಿ ಅಥವಾ ಕಲಾತ್ಮಕವಾಗಿ ಮಹತ್ವವುಳ್ಳ ಚಿತ್ರಗಳಿಗೆ ಈ ಸ್ಥಾನ ದೊರೆಯುತ್ತದೆ.

ಅಧ್ಯಯನದ ಮಹತ್ವ

ಈ ಚಿತ್ರಗಳನ್ನು ಇತಿಹಾಸದ ಆಕರಗಳಾಗಿ ಬಳಸುವವರು ಎರಡು ಅಂಶಗಳನ್ನು ಒಟ್ಟಿಗೆ ನೆನಪಿಡಬೇಕಾಗುತ್ತದೆ. ಮೊದಲನೆಯದಾಗಿ, ಇವು ಇಂದು ಮರೆಯಾಗಿರುವ ಕೆಲಸದ ವಿಧಾನಗಳ ಅಮೂಲ್ಯ ದಾಖಲೆಗಳು. ಮರಳಿನ ಅಚ್ಚು ಕಟ್ಟುವ ರೀತಿ, ಕಾದ ಉಕ್ಕನ್ನು ಇಕ್ಕಳದಿಂದ ತಿರುಗಿಸುವ ಚಾತುರ್ಯ, ಒಡಲಿನ ತಗಡುಗಳನ್ನು ಕೈಯಿಂದಲೇ ಸರಿಹೊಂದಿಸುವ ನೈಪುಣ್ಯ ಮುಂತಾದವನ್ನು ಯಾವ ಪುಸ್ತಕವೂ ಇಷ್ಟು ಸ್ಪಷ್ಟವಾಗಿ ತೋರಿಸಲಾರದು. ಎರಡನೆಯದಾಗಿ, ಇವು ಮಾಲೀಕರ ಹಣದಿಂದ, ಮಾಲೀಕರ ಅನುಮತಿಯಿಂದ ತಯಾರಾದವು. ಯಾವ ಪಾಳಿಯನ್ನು, ಯಾವ ವಿಭಾಗವನ್ನು, ಯಾವ ಮುಖವನ್ನು ತೋರಿಸಬೇಕು ಎಂಬ ಆಯ್ಕೆ ಕೆಲಸಗಾರರದಾಗಿರಲಿಲ್ಲ.

ಷೆವರ್ಲೆ ಕಾರುಗಳ ಬಿಡಿಭಾಗಗಳು ಹಡಗಿನಲ್ಲಿ ಭಾರತಕ್ಕೂ ಬರುತ್ತಿದ್ದವು. ಜನರಲ್ ಮೋಟರ್ಸ್ ಕಂಪನಿಯು 1928ರಿಂದ ಮುಂಬಯಿಯ ಶಿವ್ಡಿಯಲ್ಲಿ ಅವುಗಳನ್ನು ಜೋಡಿಸುತ್ತಿತ್ತು. ಹೀಗೆ ಒಂದು ಊರಿನ ಕೈಗಳ ಕೆಲಸ ದೂರದ ಇನ್ನೊಂದು ಊರಿನ ಕೈಗಳಲ್ಲಿ ಪೂರ್ಣಗೊಳ್ಳುತ್ತಿತ್ತು. ಫ್ಲಿಂಟ್ ನಗರದ ಆ ಕೆಲಸಗಾರರ ಹೆಸರುಗಳನ್ನು ಚಿತ್ರವು ನೋಡುಗರಿಗೆ ತಿಳಿಸದಿದ್ದರೂ, ಅವರ ಕೈಗಳ ಚಲನೆಯನ್ನು ಸಾಕಷ್ಟು ಸ್ಪಷ್ಟವಾಗಿ ಉಳಿಸಿಕೊಟ್ಟಿದೆ.